ಆಂಡೀಸ್ ಗೊತ್ತು, ಬ್ರಹ್ಮಗಿರಿ ಗೊತ್ತೆ?

ಆಂಡೀಸ್ ಎಲ್ಲಿದೆ? ದಕ್ಷಿಣ ಅಮೆರಿಕದಲ್ಲಿ. ಆಲ್ಪ್ಸ್? ಯುರೋಪಿನಲ್ಲಿ. ಯುರೋಪು, ಏಷ್ಯಾಗಳಿಗೆ ಗಡಿಯಾಗಿ ನಿಂತದ್ದು? ಯೂರಲ್. ಸಾಮಾನ್ಯಜ್ಞಾನದ ಪುಸ್ತಕ ಉರು ಹೊಡೆದ ಮಕ್ಕಳು ಇಷ್ಟನ್ನು ಒಂದೇ ಉಸಿರಿಗೆ ಒಪ್ಪಿಸುತ್ತಾರೆ. ಅದೇ ಮಕ್ಕಳನ್ನು, ಹುಣಸೂರಿನಲ್ಲಿ ಹರಿಯುವ ಹೊಳೆ ಯಾವ ಬೆಟ್ಟದಿಂದ ಇಳಿದು ಬಂತು ಎಂದು ಕೇಳಿ ನೋಡಿ.

ಉತ್ತರ, ಬ್ರಹ್ಮಗಿರಿ. ಕೊಡಗಿನ ದಕ್ಷಿಣದಂಚಿನ ಈ ಸಾಲಿನಲ್ಲಿ ಹುಟ್ಟುವ ಲಕ್ಷ್ಮಣತೀರ್ಥ, ಇರ್ಪುವಿನಲ್ಲಿ ಧುಮುಕಿ, ಹನಗೋಡಿನ ಅಣೆಕಟ್ಟೆಯಲ್ಲಿ ನಾಲೆಗೆ ನೀರು ಕೊಟ್ಟು, ಹುಣಸೂರು ಹಾದು ಕೆಆರ್‌ಎಸ್ ಹಿನ್ನೀರು ಸೇರುತ್ತದೆ. ಎಚ್.ಡಿ. ಕೋಟೆಯ ಕಬಿನಿ ವಯನಾಡಿನ ಬೆಟ್ಟಗಳದ್ದು, ಕೆ.ಆರ್. ನಗರ ಬಳಿಯ ಚುಂಚನಕಟ್ಟೆಯಲ್ಲಿ ಬೀಳುವ ಕಾವೇರಿ ತಲಕಾವೇರಿಯದ್ದು. ಹುಟ್ಟಿದ ಜಾಗಕ್ಕೆ ಅರಬ್ಬಿ ಸಮುದ್ರವೇ ಹತ್ತಿರ. ಆದರೂ ಮೂರರ ನೀರೂ ಹೋಗುವುದು ದೂರದ ಬಂಗಾಳಕೊಲ್ಲಿಗೆ. ಏಕೆ?

ಈ ಮೂರೂ ಹುಟ್ಟುವ ಪಶ್ಚಿಮಘಟ್ಟ ಹಿಮಾಲಯದ ಜಾತಿಯದಲ್ಲ. ಭಾರತದ ಭೂಫಲಕ ಏಷ್ಯಾಕ್ಕೆ ಡಿಕ್ಕಿ ಹೊಡೆದು, ಸುಮಾರು 5 ಕೋಟಿ ವರ್ಷಗಳಿಂದ ನೆಲ ಮಡಚಿಕೊಳ್ಳುತ್ತ ಎದ್ದದ್ದು ಹಿಮಾಲಯ. ಪಶ್ಚಿಮಘಟ್ಟವಾದರೋ ಪ್ರಸ್ಥಭೂಮಿಯ ಪಡುವಣ ಅಂಚು. ಸುಮಾರು 9 ಕೋಟಿ ವರ್ಷಗಳ ಹಿಂದೆ ಮಡಗಾಸ್ಕರ್ ನಮ್ಮಿಂದ ಕಳಚಿಕೊಂಡಿತು. ಒಡೆದ ಅಂಚು ಎತ್ತರವಾಗಿ ಉಳಿದು, ನೆಲ ಮೂಡಣಕ್ಕೆ ವಾಲಿತು. ಇದನ್ನು ಬಸ್ಸಿನಲ್ಲಿ ಕೂತೇ ಪರೀಕ್ಷಿಸಬಹುದು. ಹುಣಸೂರು, ಪಿರಿಯಾಪಟ್ಟಣ, ಕುಶಾಲನಗರ ದಾಟಿ ಮಡಿಕೇರಿಯವರೆಗೆ ರಸ್ತೆ ನಿಧಾನವಾಗಿ ಏರುತ್ತದೆ. ಮಡಿಕೇರಿ ದಾಟಿದ್ದೇ ತಡ, ಸಂಪಾಜೆ ಘಾಟಿಯಲ್ಲಿ ತಿರುವು ತಿರುವಾಗಿ ಕಡಿದಾಗಿ ಇಳಿಯುತ್ತದೆ.

ಮಳೆಯ ಲೆಕ್ಕವೂ ಇಲ್ಲೇ ಇದೆ. ಮುಂಗಾರಿನ ಗಾಳಿ ಪಡುವಣ ಗೋಡೆಯನ್ನು ಏರುವಾಗ ತಣ್ಣಗಾಗಿ ಹೊತ್ತ ತೇವವನ್ನು ಸುರಿಸುತ್ತದೆ; ಈಚೆಗೆ ಇಳಿಯುವಾಗ ಬಿಸಿಯಾಗಿ ಮೋಡ ಚದುರುತ್ತದೆ. ಮಡಿಕೇರಿಯಲ್ಲಿ ವರ್ಷಕ್ಕೆ 3,000 ಮಿ.ಮೀ. ದಾಟುವ ಮಳೆ, ಸುಮಾರು 75 ಕಿ.ಮೀ. ಆಚೆಯ ಹುಣಸೂರಿನಲ್ಲಿ 800ರ ಆಸುಪಾಸು. ಬುಡದಲ್ಲಿ ನೀರು ನಿಂತರೆ ತಾಳದ ಹೊಗೆಸೊಪ್ಪು ಹುಣಸೂರು, ಪಿರಿಯಾಪಟ್ಟಣ, ಎಚ್.ಡಿ. ಕೋಟೆ, ಕೆ.ಆರ್. ನಗರ ಸೀಮೆಯ ಕೆಂಪು ಮರಳುಮಿಶ್ರಿತ ಹೊಲಗಳಿಗೆ ಒಗ್ಗಿರುವುದಕ್ಕೆ ಈ ಮಳೆನೆರಳೂ ಒಂದು ಕಾರಣ.

ಇಷ್ಟು ತಿಳಿದವರಿಗೆ ಆಂಡೀಸ್ ಬರಿಯ ಹೆಸರಾಗಿ ಉಳಿಯುವುದಿಲ್ಲ. ಸುಮಾರು 7,000 ಕಿ.ಮೀ. ಉದ್ದದ ಆ ಶ್ರೇಣಿಯ ದಕ್ಷಿಣ ಭಾಗಕ್ಕೆ ಗಾಳಿ ಪಶ್ಚಿಮದಿಂದ ಬೀಸುತ್ತದೆ. ಚಿಲಿ ತೋಯುತ್ತದೆ, ಅರ್ಜೆಂಟೀನಾದ ಪ್ಯಾಟಗೋನಿಯಾ ಒಣಗುತ್ತದೆ. ಉತ್ತರಕ್ಕೆ ಹೋದರೆ ಗಾಳಿ ಪೂರ್ವದ್ದು; ಮಳೆ ಅಮೆಜಾನ್ ಕಡೆಗೆ, ಮರುಭೂಮಿ ಪಶ್ಚಿಮದ ಅಟಕಾಮಕ್ಕೆ. ಅಲ್ಲಿ ಕಡಲಿನ ತಣ್ಣನೆಯ ಪ್ರವಾಹವೂ ಒಣಹವೆಗೆ ಕೈಜೋಡಿಸಿದೆ.

ಇನ್ನೊಂದು ಪ್ರಶ್ನೆ. ಹಿಮಾಲಯ ಏಳುವ ಮೊದಲೇ ಹಳತಾಗಿದ್ದ ಬಂಡೆ ಎಲ್ಲಿದೆ? ದೂರ ಹೋಗಬೇಕಿಲ್ಲ. ಎಚ್.ಡಿ. ಕೋಟೆ ಸೀಮೆಯ ಸರಗೂರಿನ ಹೆಸರನ್ನೇ ಭೂವಿಜ್ಞಾನಿಗಳು ಒಂದು ಶಿಲಾವರ್ಗಕ್ಕೆ ಇಟ್ಟಿದ್ದಾರೆ. ಅದರ ವಯಸ್ಸು 300 ಕೋಟಿ ವರ್ಷಕ್ಕೂ ಹೆಚ್ಚು.

ಮೇಷ್ಟರಿಗೆ, ತಂದೆತಾಯಿಯರಿಗೆ ಒಂದು ಮಾತು. ಪರ್ವತದ ಹೆಸರು, ಖಂಡದ ಹೆಸರು ಕೇಳಿ ನಿಲ್ಲಿಸಬೇಡಿ. ಸಾಲು ಯಾವ ದಿಕ್ಕಿಗೆ ಹಬ್ಬಿದೆ, ಗಾಳಿ ಎಲ್ಲಿಂದ ಬೀಸುತ್ತದೆ, ಹೊಳೆ ಯಾವ ಕಡಲಿಗೆ ಹೋಗುತ್ತದೆ ಎಂದೂ ಕೇಳಿ. ಈ ಮೂರಕ್ಕೆ ಉತ್ತರ ಹೇಳಬಲ್ಲ ಮಗುವಿಗೆ ಭೂಪಟ ಓದಲು ಬಂತು ಎಂದೇ ಅರ್ಥ.