ಮೂವತ್ತು ಕಿಲೋ ಲಂಗ... ಹೊರೋರು ಯಾರು ಸ್ವಾಮಿ?

ತೆರೆಯ ಮೇಲೆ ನಾಯಕಿ ಗಿರ್ರನೆ ತಿರುಗುತ್ತಾಳೆ. ಲಂಗ ಕೊಡೆಯಂತೆ ಅರಳುತ್ತದೆ. ಗಾಂಧಿ ಕ್ಲಾಸಿನಿಂದ ಶಿಳ್ಳೆಯೋ ಶಿಳ್ಳೆ! ಚಿತ್ರರಸಿಕ ಮಿತ್ರರೇ, ಆ ಲಂಗದ ತೂಕ ಎಷ್ಟು ಅಂತ ಯಾವತ್ತಾದರೂ ಯೋಚಿಸಿದ್ದೀರಾ?

2002ರ 'ದೇವದಾಸ್'ನಲ್ಲಿ ಮಾಧುರಿ ದೀಕ್ಷಿತ್ ತೊಟ್ಟ ಒಂದು ಘಾಗ್ರಾದ ತೂಕ ಸುಮಾರು 30 ಕಿಲೋ ಅಂತ ಪತ್ರಿಕೆಗಳಲ್ಲಿ ಬಂದಿತ್ತು. 2018ರ 'ಪದ್ಮಾವತ್'ನ ಘೂಮರ್ ಹಾಡಿನಲ್ಲಿ ದೀಪಿಕಾ ಪಡುಕೋಣೆ ಉಟ್ಟಿದ್ದಕ್ಕೂ ಅದೇ ಲೆಕ್ಕ ಹೇಳಿದರು. ದೀಪಿಕಾ ಅಂದರೆ ನಮ್ಮ ಬೆಂಗಳೂರಿನ ಹುಡುಗಿ, 2006ರಲ್ಲಿ ಕನ್ನಡದ 'ಐಶ್ವರ್ಯ'ದಿಂದಲೇ ತೆರೆಗೆ ಬಂದವರು. 30 ಕಿಲೋ ಅಂದರೆ ದಿನಸಿ ಅಂಗಡಿಯ 25 ಕಿಲೋ ಅಕ್ಕಿ ಚೀಲ, ಅದರ ಮೇಲೆ ಇನ್ನೂ ಐದು ಕಿಲೋ!

ಆದರೆ ತಾರೆಯರಿಗೆ ಒಂದು ಅನುಕೂಲ ಇದೆ. ಶಾಟ್ ಮುಗಿಯಿತು, ಕಟ್ ಅಂದರು, ಕುರ್ಚಿ ಬಂತು, ಫ್ಯಾನ್ ಬಂತು. ಆ ಉಡುಪು ನೋಡಿ ಅಂಥದ್ದೇ ಬೇಕು ಅಂತ ಹೊಲಿಸುವ ನಮ್ಮೂರ ಮದುಮಗಳಿಗೆ ಕಟ್ ಅನ್ನೋರು ಯಾರು? ಆರತಕ್ಷತೆ ಅಂದರೆ ಸಂಜೆ ಏಳರಿಂದ ರಾತ್ರಿ ಹನ್ನೊಂದರವರೆಗೆ ನಿಂತೇ ಇರಬೇಕು. ಫೋಟೋದವನು ಬೇರೆ "ಸ್ಮೈಲ್ ಮೇಡಂ" ಅಂತ ಕೂಗುತ್ತಲೇ ಇರುತ್ತಾನೆ!

ನಟಿ ರಾಣಿಯಾದ ದಿನ

ಭಾರದ ಮದುವೆ ಉಡುಪನ್ನು ಹಗುರ ಅನ್ನಿಸುವಂತೆ ಹೊಲಿಯೋದು ಸಾಧ್ಯವೇ? ಸಾಧ್ಯ ಅಂತ ಹಾಲಿವುಡ್‌ನವರು ಎಂದೋ ತೋರಿಸಿದ್ದಾರೆ. 1956ರ ಏಪ್ರಿಲ್‌ನಲ್ಲಿ ನಟಿ ಗ್ರೇಸ್ ಕೆಲ್ಲಿ ಮೊನಾಕೊದ ರಾಜಕುಮಾರನನ್ನು ಮದುವೆಯಾದರು. ಉಡುಪು ಎಂಜಿಎಂ ಸ್ಟುಡಿಯೋದ ಉಡುಗೊರೆ. ವಿನ್ಯಾಸ ಮಾಡಿದವರು ಹೆಲೆನ್ ರೋಸ್, 'ಹೈ ಸೊಸೈಟಿ' ಚಿತ್ರದಲ್ಲಿ ಆಕೆಗೆ ಬಟ್ಟೆ ಹೊಲಿಸಿದ್ದ ಅದೇ ಕೈ. ಹೊಲಿದವರು ಸ್ಟುಡಿಯೋದ ಉಡುಪು ವಿಭಾಗದ ಹೆಣ್ಣುಮಕ್ಕಳು.

ಹೊರಗೆ ನೋಡಿದರೆ ಲೇಸು, ರೇಷ್ಮೆ, ಮುತ್ತು. ಗುಟ್ಟೆಲ್ಲ ಒಳಗೆ! ಕುಪ್ಪಸದೊಳಗೆ ಇನ್ನೊಂದು ಕುಪ್ಪಸ. ಲಂಗದ ಕೆಳಗೆ ಒಂದರ ಮೇಲೊಂದು ಒಳಲಂಗಗಳು: ಒಂದು ಆಧಾರಕ್ಕೆ, ಒಂದು ಅಗಲಕ್ಕೆ, ಒಂದು ಮೇಲ್ಮೈ ನುಣುಪಾಗಿ ಕಾಣಲಿಕ್ಕೆ. ಜನ ನೋಡಿದ್ದು ಲೇಸನ್ನು, ಭಾರ ಹೊತ್ತಿದ್ದು ಕಾಣದ ಬಟ್ಟೆ. ಆ ಉಡುಪು ಇಂದಿಗೂ ಅಮೆರಿಕದ ಫಿಲಡೆಲ್ಫಿಯಾ ಮ್ಯೂಸಿಯಂನಲ್ಲಿದೆ.

ಇದಕ್ಕೆ ಉಲ್ಟಾ ಕಥೆಯೂ ಉಂಟು. 1981ರ ಜುಲೈ 29ರಂದು ಡಯಾನಾ ಮದುವೆ. ಉಡುಪಿನ ಹಿಂದೆ 25 ಅಡಿ ಉದ್ದದ ಬಾಲ. ಸಾರೋಟಿನಲ್ಲಿ ಅಪ್ಪನ ಪಕ್ಕ ಕೂರುವಾಗ ಅದನ್ನೆಲ್ಲ ಮಡಚಿ ತುರುಕಬೇಕಾಯಿತು. ಇಳಿದಾಗ ರೇಷ್ಮೆಯೆಲ್ಲ ಸುಕ್ಕು ಸುಕ್ಕು! ಇಡೀ ಜಗತ್ತೇ ನೋಡಿತು.

ಅಣ್ಣನ ಸೊಂಟಕ್ಕೆ ಲೆಹಂಗಾ!

ಈ ಗುಟ್ಟನ್ನು ಕಣ್ಣಾರೆ ನೋಡಬೇಕು ಅಂತ ಬೆಂಗಳೂರಿನ ಒಬ್ಬ ಹಳೇ ಟೈಲರ್ ಮಾಸ್ಟ್ರನ್ನು ಹುಡುಕಿಕೊಂಡು ಹೋದೆ. ಸಿನಿಮಾಕ್ಕೂ ಹೊಲಿದವರು, ಮದುವೆಗೂ ಹೊಲಿಯುವವರು. "ಹೆಸರು ಹಾಕ್ಬೇಡಿ ಸಾರ್, ಟೈಟಲ್ ಕಾರ್ಡಲ್ಲೇ ಹಾಕ್ಲಿಲ್ಲ, ಈಗ ಯಾಕೆ" ಅಂತ ನಕ್ಕರು.

ಅಷ್ಟರಲ್ಲಿ ತುಮಕೂರು ಕಡೆಯ ಒಂದು ಹುಡುಗಿ, ಜೊತೆಗೆ ಅವಳಣ್ಣ. ಮದುವೆಗೆ ಹದಿಮೂರು ದಿನ ಬಾಕಿ. ಅಣ್ಣ ಸಾಲ ಮಾಡಿ ಕೊಡಿಸಿದ ಲೆಹಂಗಾ. ಅವನೇ ಶುರು ಮಾಡಿದ:

"ನೋಡಿ ಮಾಸ್ಟ್ರೇ, ಹತ್ತು ನಿಮಿಷ ಉಟ್ಕೊಂಡು ಬೇಡ ಅಂತ ಅಳ್ತಾಳೆ. ಅಷ್ಟು ದುಡ್ಡು ಸುರಿದಿದೀನಲ್ಲ!"

ಮಾಸ್ಟ್ರು ಮಾತಾಡಲಿಲ್ಲ. ಲೆಹಂಗಾವನ್ನು ತಕ್ಕಡಿಗೆ ನೇತುಹಾಕಿದರು. ಒಂಬತ್ತು ಕಿಲೋ! ಆಮೇಲೆ ಅಣ್ಣನ ಕಡೆ ತಿರುಗಿ, "ಅಂಗಿ ಎತ್ತಿ ತಮ್ಮಾ, ನೀವೇ ಕಟ್ಕೊಳ್ಳಿ. ಐದೇ ನಿಮಿಷ" ಅಂದರು.

ಅಂಗಡಿಯ ಹುಡುಗರೆಲ್ಲ ಗೊಳ್ಳೆಂದರು. ಅಣ್ಣನೂ ನಗುತ್ತಲೇ ಲಾಡಿ ಬಿಗಿದುಕೊಂಡ. ಎರಡನೇ ನಿಮಿಷಕ್ಕೆ ನಗು ನಿಂತಿತು. ನಾಲ್ಕನೇ ನಿಮಿಷಕ್ಕೆ ಕೈ ಸೊಂಟಕ್ಕೆ ಹೋಯಿತು. ಬಿಚ್ಚಿದಾಗ ಬರೆ ಎಳೆದ ಹಾಗೆ ಕೆಂಪು ಗೆರೆ.

ಆಗ ಹುಡುಗಿ ಬಾಯಿಬಿಟ್ಟಳು: "ಅಣ್ಣಾ, ಬೇಡ ಅಂತ ಎಲ್ಲಿ ಅಂದೆ? ನಿಂತ್ಕೊಳ್ಳೋಕಾಗಲ್ಲ ಅಂದೆ ಅಷ್ಟೆ."

ಅವನು ಮಾತಿಲ್ಲದೆ ತಂಗಿಗೆ ಸ್ಟೂಲ್ ಎಳೆದು ಕೊಟ್ಟ.

ಮಾಸ್ಟ್ರ ಕೈಚಳಕ

"ತೂಕ ಅಲ್ಲ ಸಾರ್ ಕೊಲ್ಲೋದು, ತೂಕ ಎಲ್ಲಿ ಕೂತಿದೆ ಅನ್ನೋದು" ಅಂದರು ಮಾಸ್ಟ್ರು. ಒಂಬತ್ತು ಕಿಲೋ ಒಂದು ಸಣ್ಣ ಲಾಡಿಯ ಮೇಲೆ ನಿಂತರೆ ಅದು ಮಾಂಸ ಕೊಯ್ಯುತ್ತದೆ. ಅದಕ್ಕೇ ಮೊದಲು ಲಾಡಿಯ ಜಾಗ ಬಿಚ್ಚಿದರು. ಒಳಗೆ ಕ್ಯಾನ್‌ವಾಸ್ ಕೊಟ್ಟು ಮೂರು ಇಂಚಿನ ಅಗಲ ಪಟ್ಟಿ ಕೂರಿಸಿದರು. ಅದರ ಕೆಳಗೆ ಸೊಂಟದ ಮೂಳೆಯವರೆಗೆ ಮೈಗೆ ಒಪ್ಪುವ ಗಟ್ಟಿ ಹತ್ತಿ ಬಟ್ಟೆ. ಈಗ ಭಾರ ಹೊಟ್ಟೆಯ ಮೇಲಲ್ಲ, ಮೂಳೆಯ ಮೇಲೆ. ಪಕ್ಕದಲ್ಲಿ ಜಿಪ್ಪು, ಎರಡು ಸಾಲು ಹುಕ್ಕು.

ಲಂಗ ಉಬ್ಬಲಿ ಅಂತ ಒಳಗೆ ಹಾಕುವ ಗಡಸು ನೆಟ್ಟಿಗೆ ಕ್ಯಾನ್‌ಕ್ಯಾನ್ ಅಂತಾರೆ. ಸೊಂಟದ ಹತ್ತಿರದ ಪದರ ಕಿತ್ತರು, ಮೊಣಕಾಲ ಕೆಳಗಿನದ್ದು ಉಳಿಸಿದರು. ಉಬ್ಬು ಹಾಗೇ ಇತ್ತು, ತೂಕ ಇಳಿಯಿತು, ಸೆಖೆಯೂ ಇಳಿಯಿತು. ಉದ್ದ ಕಡಿಮೆ ಮಾಡಿದ್ದು ಕೆಳಗಿನಿಂದ ಅಲ್ಲ, ಮೇಲಿನಿಂದ. ಕೆಳಗೆ ಕತ್ತರಿ ಹಾಕಿದರೆ ಅಂಚಿನ ಕೆಲಸವೆಲ್ಲ ಹೋಯಿತಲ್ಲ! ಅಳತೆಯನ್ನೂ ಅವತ್ತು ಹಾಕುವ ಚಪ್ಪಲಿ ಮೆಟ್ಟಿಸಿಯೇ ತೆಗೆದುಕೊಂಡರು.

ಇನ್ನು ಕುಪ್ಪಸ. ಭುಜದ ಪಟ್ಟಿ ಅಗಲ ಮಾಡಿ, ಒಳಗೆ ಮೆತ್ತನೆ ಹತ್ತಿ ಅಸ್ತರು, ಎದೆಗೆ ಆಧಾರವಾಗಿ ಕಪ್ಪು, ಪಕ್ಕದಲ್ಲಿ ಬಗ್ಗುವ ಕಡ್ಡಿ. ಹೊಲಿಗೆಯ ದಾರಿಯಲ್ಲಿದ್ದ ಮಣಿಗಳನ್ನು ಒಂದೊಂದಾಗಿ ಬಿಡಿಸಿದರು, ಇಲ್ಲವಾದರೆ ಮೆಷಿನ್ ಸೂಜಿ ಮುರಿಯುತ್ತದೆ. ಹೊಲಿದ ಮೇಲೆ ಕೈಯಿಂದ ಮತ್ತೆ ಕೂರಿಸಿದರು. ದುಪಟ್ಟಾದ ಭಾರವನ್ನು ಕೂದಲಿಗೆ ಬಿಡಲಿಲ್ಲ. ಕುಪ್ಪಸದ ಭುಜಕ್ಕೆ ಒಳಗಿನಿಂದ ದಪ್ಪ ಬಟ್ಟೆಯ ತುಂಡು ಕೊಟ್ಟು, ಪಿನ್ನು ಅಲ್ಲಿಗೇ. ತಲೆಯ ಮೇಲೆ ಬರೀ ಅಂಚು ಕೂತಿರುತ್ತದೆ.

ಐದು ದಿನ ಬಿಟ್ಟು ಟ್ರಯಲ್‌ಗೆ ನಾನೂ ಹೋದೆ. ಕನ್ನಡಿ ಮುಂದೆ ನಿಲ್ಲಿಸಿ ಕಳಿಸುವ ಟ್ರಯಲ್ ಅಲ್ಲ ಅದು. "ಕೂತ್ಕೋ ತಾಯಿ. ಎದ್ದೇಳು. ಮೆಟ್ಟಿಲು ಹತ್ತು. ಹಾರ ಹಾಕೋ ಹಾಗೆ ಕೈ ಎತ್ತು. ಈಗ ಬಗ್ಗಿ ಅಣ್ಣನ ಕಾಲು ಮುಟ್ಟು." ಬಗ್ಗಿದಾಗ ಬೆನ್ನಿನ ಹತ್ತಿರ ಹುಕ್ಕು ಎಳೆಯಿತು. ಒಳಗೆ ಬಿಟ್ಟಿದ್ದ ಬಟ್ಟೆಯಿಂದ ಅಲ್ಲೇ ಅರ್ಧ ಇಂಚು ಲೂಸು ಕೊಟ್ಟರು. ಹುಡುಗಿ ಮುಕ್ಕಾಲು ಗಂಟೆ ಆ ಲೆಹಂಗಾದಲ್ಲೇ ಓಡಾಡಿ, ಟೀ ಕುಡಿದು, ಬಿಚ್ಚುವ ಮಾತೇ ಎತ್ತಲಿಲ್ಲ!

ಹುಡುಗರೇ, ಇದು ನಿಮಗೆ

ಇದೆಲ್ಲ ಹೆಣ್ಣುಮಕ್ಕಳ ವಿಷಯ ಅಂತ ಪುಟ ಮಗುಚಬೇಡಿ. ನಾಳೆ ತಂಗಿ ಮದುವೆಗೆ ಓಡಾಡೋರು ನೀವೇ. ನಾಡಿದ್ದು ವೇದಿಕೆ ಮೇಲೆ ಅವಳ ಪಕ್ಕ ನಿಲ್ಲೋರೂ ನೀವೇ. ಲೆಹಂಗಾ ಕೊಳ್ಳುವಾಗ ಬೆಲೆಯ ಜೊತೆ ತೂಕವನ್ನೂ ಕೇಳಿ. ಒಳಗೆ ಬಿಚ್ಚಲು ಒಂದು ಇಂಚಾದರೂ ಬಟ್ಟೆ ಬಿಟ್ಟಿದ್ದಾರಾ ನೋಡಿ. ಮದುವೆಗೆ ಎರಡು ವಾರ ಇರುವಾಗಲೇ ಟೈಲರ್ ಹತ್ತಿರ ಕೊಡಿ. ಹಿಂದಿನ ದಿನ ಕೊಟ್ಟರೆ ದೇವರೇ ಗತಿ. ವೇದಿಕೆಯ ಹಿಂದೆ ಒಂದು ಕುರ್ಚಿ, ಒಂದು ಲೋಟ ನೀರು ಇಡಿಸಿ.

ಅದಕ್ಕೂ ಮೊದಲು, ಅವಳು "ಆಗ್ತಿಲ್ಲ" ಅಂದರೆ ನಂಬಿ. ನಂಬಿಕೆ ಬರಲಿಲ್ಲವೋ, ಲಾಡಿ ಇದ್ದೇ ಇದೆ... ಐದು ನಿಮಿಷ ನೀವೇ ಕಟ್ಟಿಕೊಳ್ಳಿ!