ಅಗ್ನಿಪರ್ವತಗಳ ಚಲಚ್ಚಿತ್ರಗಳು: ಅವುಗಳ ಸಂರಕ್ಷಣೆ

ಅಗ್ನಿಪರ್ವತವು ಒಮ್ಮೆ ಸ್ಫೋಟಿಸಿದ ಬಗೆಯಲ್ಲಿಯೇ ಮತ್ತೊಮ್ಮೆ ಸ್ಫೋಟಿಸುವುದಿಲ್ಲ. ಆದುದರಿಂದ ಅದನ್ನು ಕಂಡು ತೆಗೆದ ಚಲಚ್ಚಿತ್ರವು ಒಂದೇ ಪ್ರತಿಯುಳಿದ ಓಲೆಗರಿಯ ಗ್ರಂಥಕ್ಕೆ ಸಮಾನವಾದುದು. ನಷ್ಟವಾದರೆ ಪುನಃ ದೊರೆಯತಕ್ಕುದಲ್ಲ.

ಫ್ರಾನ್ಸ್ ದೇಶದ ಮೋರಿಸ್ ಮತ್ತು ಕಾತ್ಯಾ ಕ್ರಾಫ್ಟ್ ದಂಪತಿಗಳು ಇಂತಹ ಚಿತ್ರಗಳನ್ನು 16 ಮಿಲಿಮೀಟರ್ ಫಿಲ್ಮಿನಲ್ಲಿ ತೆಗೆಯುತ್ತ ಅನೇಕ ದೇಶಗಳಲ್ಲಿ ಸಂಚರಿಸಿದರು. 1985ರಲ್ಲಿ ಕೊಲಂಬಿಯಾದ ನೆವಾಡೊ ದೆಲ್ ರುಯಿಸ್ ಪರ್ವತದಿಂದಿಳಿದ ಕೆಸರಿನ ಪ್ರವಾಹಗಳಿಗೆ ಸಿಕ್ಕಿ 20,000ಕ್ಕೂ ಹೆಚ್ಚು ಜನರು ಮಡಿದರು. ಅಪಾಯದ ನಕ್ಷೆಯು ಮೊದಲೇ ಸಿದ್ಧವಾಗಿದ್ದಿತು. ಜನರನ್ನು ಮಾತ್ರ ಸಕಾಲದಲ್ಲಿ ತೆರವುಮಾಡಿಸಲಿಲ್ಲ. ಆ ಬಳಿಕ ಮೋರಿಸರು ಇಂತಹ ಅಪಾಯಗಳನ್ನು ಕಣ್ಣಿಗೆ ಕಾಣಿಸುವ ಚಿತ್ರವೊಂದನ್ನು ರಚಿಸಿದರು. 1991ರಲ್ಲಿ ಫಿಲಿಪ್ಪೀನ್ಸಿನ ಪಿನಾಟುಬೊ ಪರ್ವತವು ಸ್ಫೋಟಿಸುವ ಮುನ್ನ ಅದರ ಮೊದಲ ರೂಪವನ್ನು ಅಲ್ಲಿಯವರಿಗೆ ತೋರಿಸಲಾಯಿತು. ಸಹಸ್ರಾರು ಜನರ ಸ್ಥಳಾಂತರಕ್ಕೆ ಅದು ನೆರವಾಯಿತು. ಜೂನ್ 15ರಂದು ಮಹಾಸ್ಫೋಟವಾಯಿತು. ಅದನ್ನು ಕಾಣಲು ಆ ದಂಪತಿಗಳಿರಲಿಲ್ಲ. ಜೂನ್ 3ರಂದೇ ಜಪಾನಿನ ಉನ್ಜೆನ್ ಪರ್ವತದಲ್ಲಿ ಕಾದ ಬೂದಿಯ ಪ್ರವಾಹಕ್ಕೆ ಸಿಕ್ಕಿ ಮೃತರಾಗಿದ್ದರು.

ಫಿಲ್ಮಿನ ಸುರುಳಿಗಳಿಗೆ ಶಾಖವೂ ತೇವವೂ ಶತ್ರುಗಳು. ಅಸಿಟೇಟ್ ಫಿಲ್ಮು ಅವುಗಳಿಂದ ಕೆಟ್ಟು, ಹುಳಿವಾಸನೆ ಬೀರುತ್ತ ಕುಗ್ಗಿ ಸುಕ್ಕಾಗುವುದು, ವರ್ಣಗಳೂ ಮಾಸುವುವು. ತಣ್ಣನೆಯ ಒಣ ಕೋಣೆಯಲ್ಲಿರಿಸಿದರೆ ಈ ವಿಕಾರವು ಮಂದವಾಗುವುದೇ ಹೊರತು ನಿವೃತ್ತವಾಗದು. ಆದುದರಿಂದ ಡಿಜಿಟಲ್ ಪ್ರತಿಯು ಅವಶ್ಯಕ. ಪ್ರತಿಯಾಯಿತೆಂದು ಮೂಲವನ್ನು ತ್ಯಜಿಸಲಾಗದು. ಪ್ರತಿಯ ದೋಷವನ್ನು ತಿದ್ದಲು ಮೂಲವೇ ಪ್ರಮಾಣ. ಸ್ಥಳ, ದಿನ, ಯಂತ್ರವು ಸೆಕೆಂಡಿಗೆ ಎಷ್ಟು ಚಿತ್ರಗಳನ್ನು ಹಿಡಿಯಿತು ಎಂಬ ವಿವರಗಳೂ ಜೊತೆಗಿರಬೇಕು. ಅವಿಲ್ಲದಿದ್ದರೆ ಪ್ರವಾಹದ ವೇಗವನ್ನು ಗಣಿಸುವುದು ದುಸ್ಸಾಧ್ಯ. ಕಾಲದೇಶಗಳು ತಿಳಿಯದ ಗ್ರಂಥದಂತೆ ಚಿತ್ರವು ಅರ್ಧ ಮಾತ್ರವೇ ಮಾತನಾಡುವುದು.