ಜಾಮೀನು ಸಿಕ್ಕರೆ ಖುಲಾಸೆಯಾದಂತೆಯೇ?

‘ಕೊಲೆ ಆರೋಪಿಗೆ ಜಾಮೀನು’ ಎಂಬ ತಲೆಬರಹ ಓದಿದೊಡನೆ ಮಕ್ಕಳು ಕೇಳುತ್ತಾರೆ: ‘ಕೊಲೆ ಮಾಡಿದವನನ್ನು ಕೋರ್ಟು ಹೇಗೆ ಬಿಟ್ಟಿತಪ್ಪಾ?’ ದೊಡ್ಡವರ ಉತ್ತರವೂ ಸಿದ್ಧವಾಗಿರುತ್ತದೆ: ‘ದುಡ್ಡಿದ್ದವರಿಗೆ ಎಲ್ಲವೂ ನಡೆಯುತ್ತದೆ.’ ಆದರೆ ಪ್ರಶ್ನೆಯಲ್ಲೇ ಒಂದು ತಪ್ಪಿದೆ. ಆತ ಕೊಲೆ ಮಾಡಿದನೇ ಎಂಬುದು ಇನ್ನೂ ತೀರ್ಮಾನವಾಗಿಲ್ಲ. ಅದು ವಿಚಾರಣೆಯ ಕೆಲಸ. ಜಾಮೀನಿನ ಹಂತದಲ್ಲಿ ನ್ಯಾಯಾಧೀಶರ ಮುಂದಿರುವ ಪ್ರಶ್ನೆಯೇ ಬೇರೆ: ವಿಚಾರಣೆ ಮುಗಿಯುವವರೆಗೆ ಈತನನ್ನು ಸೆರೆಯಲ್ಲಿಡುವುದು ಅಗತ್ಯವೇ?

ಸಣ್ಣಪುಟ್ಟ ಅಪರಾಧಗಳಲ್ಲಿ ಜಾಮೀನು ಆಪಾದಿತನ ಹಕ್ಕು, ಠಾಣೆಯಲ್ಲೇ ಪಡೆಯಬಹುದು. ಕೊಲೆ, ಕೊಲೆ ಯತ್ನ, ಅತ್ಯಾಚಾರ, ದರೋಡೆ ‘ಜಾಮೀನುರಹಿತ’ ಅಪರಾಧಗಳು. ಹಾಗೆಂದರೆ ಜಾಮೀನೇ ಇಲ್ಲವೆಂದಲ್ಲ; ಕೊಡುವುದು, ಬಿಡುವುದು ನ್ಯಾಯಾಲಯದ ವಿವೇಚನೆಗೆ ಸೇರಿದ್ದು ಎಂದರ್ಥ. 1973ರ ದಂಡ ಪ್ರಕ್ರಿಯಾ ಸಂಹಿತೆಯ ಬದಲಿಗೆ 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲೂ ಈ ವ್ಯವಸ್ಥೆ ಮುಂದುವರಿದಿದೆ. ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಗೆ ಗುರಿಯಾಗಬಹುದಾದ ಅಪರಾಧ ಎಸಗಿದ್ದಾನೆಂದು ನಂಬಲು ಕಾರಣಗಳಿದ್ದರೆ ಮ್ಯಾಜಿಸ್ಟ್ರೇಟರು ಸಾಮಾನ್ಯವಾಗಿ ಬಿಡುವಂತಿಲ್ಲ. ಮಕ್ಕಳು, ಮಹಿಳೆಯರು, ಕಾಯಿಲೆಯವರಿಗೆ ಮಾತ್ರ ವಿನಾಯಿತಿ ನೀಡಬಹುದು. ಹೀಗಾಗಿ ಅರ್ಜಿಗಳು ಸೆಷನ್ಸ್ ನ್ಯಾಯಾಲಯಕ್ಕೆ, ಮುಂದೆ ಹೈಕೋರ್ಟಿಗೆ ಹೋಗುತ್ತವೆ.

ತೂಗಿ ನೋಡುವುದೇನು?

ಜಾಮೀನೇ ನಿಯಮ, ಜೈಲು ಅಪವಾದ ಎಂಬ ತತ್ವವನ್ನು 1977ರಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಬಾಲ್‌ಚಂದ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದರು. ಆದರೆ ಆಪಾದಿತ ತಲೆಮರೆಸಿಕೊಳ್ಳುವ, ಸಾಕ್ಷಿಗಳನ್ನು ಬೆದರಿಸುವ, ಮತ್ತೆ ಅಪರಾಧ ಎಸಗುವ ಸಂಭವವಿದ್ದರೆ ಮಾತು ಬೇರೆ. ಮೇಲ್ನೋಟಕ್ಕೆ ಆರೋಪದಲ್ಲಿ ಹುರುಳಿದೆಯೇ, ಆರೋಪ ಎಷ್ಟು ಘೋರ, ಹಿಂದಿನ ನಡತೆ ಹೇಗಿತ್ತು ಎಂಬುದನ್ನೂ ನೋಡಲಾಗುತ್ತದೆ. ಸಾಕ್ಷ್ಯವನ್ನು ಎಳೆಎಳೆಯಾಗಿ ಬಿಡಿಸುವುದು ಈ ಹಂತದ ಕೆಲಸವಲ್ಲ.

ಈ ತೂಕ ಕಾಲಕ್ಕೆ ತಕ್ಕಂತೆ ಬದಲಾಗುವುದೂ ಉಂಟು. ಉತ್ತರ ಪ್ರದೇಶದ ಲಖೀಂಪುರ ಖೇರಿಯಲ್ಲಿ 2021ರ ಅಕ್ಟೋಬರ್ 3ರಂದು ನಡೆದ ಹಿಂಸಾಚಾರದಲ್ಲಿ ಎಂಟು ಮಂದಿ ಸತ್ತರು. ಪ್ರಮುಖ ಆಪಾದಿತನಿಗೆ 2022ರ ಫೆಬ್ರುವರಿಯಲ್ಲಿ ಅಲಹಾಬಾದ್ ಹೈಕೋರ್ಟ್ ಜಾಮೀನು ನೀಡಿತು. ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನು ರದ್ದುಪಡಿಸಿತು. ಹೈಕೋರ್ಟ್ ಅಪ್ರಸ್ತುತ ಅಂಶಗಳಿಗೆ ಬೆಲೆ ಕೊಟ್ಟಿದೆ, ಸತ್ತವರ ಕುಟುಂಬದವರ ಮಾತನ್ನು ಸರಿಯಾಗಿ ಕೇಳಿಲ್ಲ ಎಂಬುದು ಕಾರಣ. ನೊಂದವರಿಗೂ ಮಾತನಾಡುವ ಹಕ್ಕಿದೆ ಎಂದು ಆ ತೀರ್ಪು ಸಾರಿತು. ಆದರೆ 2023ರ ಜನವರಿಯಲ್ಲಿ ಅದೇ ಸುಪ್ರೀಂ ಕೋರ್ಟ್ ಎಂಟು ವಾರಗಳ ಮಧ್ಯಂತರ ಜಾಮೀನು ನೀಡಿತು. 2024ರ ಜುಲೈನಲ್ಲಿ ಅದನ್ನು ಖಾಯಂ ಮಾಡುವಾಗ, 114 ಸಾಕ್ಷಿಗಳ ಪೈಕಿ ಏಳು ಜನರ ಹೇಳಿಕೆಯಷ್ಟೇ ದಾಖಲಾಗಿತ್ತು. ಆರೋಪ ಹಗುರವಾಗಿರಲಿಲ್ಲ, ವಿಚಾರಣೆ ಬೇಗ ಮುಗಿಯುವ ಲಕ್ಷಣವಿರಲಿಲ್ಲ.

ಗಡುವು, ಷರತ್ತು

ಪೊಲೀಸರ ವಿಳಂಬಕ್ಕೂ ಕಾನೂನು ಕಡಿವಾಣ ಹಾಕಿದೆ. ಕೊಲೆಯಂಥ ಪ್ರಕರಣಗಳಲ್ಲಿ 90 ದಿನಗಳೊಳಗೆ ಆರೋಪಪಟ್ಟಿ ಸಲ್ಲಿಸದಿದ್ದರೆ, ಶ್ಯೂರಿಟಿ ಒದಗಿಸಲು ಸಿದ್ಧನಿರುವ ಆಪಾದಿತನಿಗೆ ಜಾಮೀನು ಹಕ್ಕಾಗುತ್ತದೆ. 18 ವರ್ಷ ತುಂಬದವರಿಗೆ 2015ರ ಬಾಲನ್ಯಾಯ ಕಾಯ್ದೆ ಅನ್ವಯಿಸುತ್ತದೆ. ಅಲ್ಲಿ ಬಿಡುಗಡೆಯೇ ನಿಯಮ. ಹೊರಬಂದರೆ ಪಾತಕಿಗಳ ಸಹವಾಸಕ್ಕೆ ಬೀಳುವ, ಅಪಾಯಕ್ಕೆ ಸಿಲುಕುವ ಅಥವಾ ನ್ಯಾಯದ ಉದ್ದೇಶವೇ ಕೆಡುವ ಸಂಭವವಿದ್ದರೆ ಮಾತ್ರ ನಿರಾಕರಿಸಬಹುದು.

ಜಾಮೀನು ಸಿಕ್ಕವನು ಪೂರ್ತಿ ಸ್ವತಂತ್ರನೂ ಅಲ್ಲ. ಪಾಸ್‌ಪೋರ್ಟ್ ಒಪ್ಪಿಸು, ಸಾಕ್ಷಿಗಳ ತಂಟೆಗೆ ಹೋಗಬೇಡ, ಠಾಣೆಗೆ ಬಂದು ಸಹಿ ಹಾಕು ಎಂಬ ಷರತ್ತುಗಳಿರುತ್ತವೆ. ಮುರಿದರೆ ಮತ್ತೆ ಜೈಲೇ ಗತಿಯಾಗಬಹುದು. ಇನ್ನು ಶ್ಯೂರಿಟಿ ನಿಲ್ಲುವವರಿಲ್ಲದ ಬಡವನಿಗೆ ಆದೇಶ ಕೈಗೆ ಬಂದರೂ ಬಾಗಿಲು ತೆರೆಯುವುದು ಕಷ್ಟ. ‘ದುಡ್ಡಿದ್ದವರಿಗೆ’ ಎಂಬ ದೊಡ್ಡವರ ಮಾತಿನಲ್ಲಿ ನಿಜವಿದ್ದರೆ ಅದು ಇಲ್ಲಿದೆ.

ತಪ್ಪು ಮಾಡದವನೊಬ್ಬ ವರ್ಷಗಟ್ಟಲೆ ಸೆರೆಯಲ್ಲಿ ಕೊಳೆತರೆ ಆ ದಿನಗಳನ್ನು ಯಾವ ತೀರ್ಪೂ ಹಿಂದಿರುಗಿಸದು. ಹೊರಬಂದವನ ಭಯಕ್ಕೆ ಸಾಕ್ಷಿಯೊಬ್ಬ ಬಾಯಿ ಮುಚ್ಚಿಕೊಂಡರೆ ಸತ್ತವನ ಮನೆಯವರಿಗೆ ನ್ಯಾಯವೇ ದೊರೆಯದು. ಈ ಎರಡರ ನಡುವೆ ನ್ಯಾಯಾಧೀಶರು ತಕ್ಕಡಿ ಹಿಡಿದಿರುತ್ತಾರೆ. ಮಕ್ಕಳು ಮತ್ತೊಮ್ಮೆ ಅದೇ ಪ್ರಶ್ನೆ ಕೇಳಿದಾಗ, ‘ಆದೇಶದಲ್ಲಿ ಕೊಟ್ಟಿರುವ ಕಾರಣವೇನೆಂದು ನೋಡೋಣ’ ಎನ್ನುವುದೇ ಸರಿಯಾದ ಉತ್ತರ.